ಐದು ಎಕರೆಯಷ್ಟು ಕಡಲು

ರಾಮನಾಥಪುರದಲ್ಲಿ ಕಾವೇರಿಯು ಬಂಡೆಗಳ ನಡುವೆ ತಂಗಿ ಮಡುಗಟ್ಟುವ ಸ್ಥಳಕ್ಕೆ ವಹ್ನಿಪುಷ್ಕರಿಣಿ ಎಂದು ಹೆಸರು. ಅಲ್ಲಿ ಮೀನು ಹಿಡಿಯುವುದು ನಿಷಿದ್ಧ. ರಾಮೇಶ್ವರನ ದರ್ಶನ ಮುಗಿಸಿದವರು ಮೆಟ್ಟಿಲ ಮೇಲೆ ನಿಂತು ಒಂದು ಹಿಡಿ ಪುರಿ ಎರಚಿದರೆ ತೋಳುದ್ದದ ಮಹಸೀರ್ ಮೀನುಗಳು ಒಂದರ ಮೇಲೊಂದು ಬಿದ್ದು ಬರುತ್ತವೆ. ಅವುಗಳ ಮೈಮೇಲಿನ ಅಗಲವಾದ ಹುರುಪೆಗಳು ಬಿಸಿಲಿಗೆ ಹೊಳೆಯುತ್ತವೆ. ಮಾಂಸಾಹಾರಿಗಳಾದ ಯಾತ್ರಿಕರೂ ಆ ಮೀನುಗಳನ್ನು ಕಂಡು ಕೈಮುಗಿಯುತ್ತಾರೆ. ದೇವರ ಮೀನು ಎಂಬ ಒಂದು ಮಾತು ಯಾವ ಕಾಯಿದೆಗೂ ಆಗದ ಕೆಲಸವನ್ನು ಅಲ್ಲಿ ತಲೆಮಾರುಗಳಿಂದ ಮಾಡುತ್ತ ಬಂದಿದೆ.

ಆ ಊರಿನ ನಿವೃತ್ತ ವಿಜ್ಞಾನ ಶಿಕ್ಷಕರೊಬ್ಬರು, ಊರವರ ಬಾಯಲ್ಲಿ ಬರಿಯ ‘ಮೇಷ್ಟರು’, ತಮ್ಮ ಸೇವೆಯ ಅವಧಿಯಲ್ಲಿ ಪ್ರತಿವರ್ಷವೂ ಮಕ್ಕಳನ್ನು ಆ ಮಡುವಿನ ಬಳಿಗೆ ಕರೆದೊಯ್ದು ಪಾಠ ಹೇಳುತ್ತಿದ್ದರು. ಪಾಠದ ಕೊನೆಗೆ ಒಂದು ಮಾತನ್ನು ತಪ್ಪದೆ ಸೇರಿಸುತ್ತಿದ್ದರು: ಕಣ್ಣಿಗೆ ಕಾಣುವ ಜೀವದ ಮೇಲೆ, ಅದರಲ್ಲೂ ಚೆಲುವಾದ ಜೀವದ ಮೇಲೆ ದಯೆ ಹುಟ್ಟುವುದು ದೊಡ್ಡದಲ್ಲ, ಕಾಣದ ಜೀವದ ಮೇಲೆ ಹುಟ್ಟಬೇಕು. ಮೂವತ್ತು ವರ್ಷ ಹೇಳಿದ ಆ ಮಾತು ತಮ್ಮ ತೋಟಕ್ಕೇ ಪ್ರಶ್ನೆಯಾಗಿ ತಿರುಗಿ ಬರುತ್ತದೆಂದು ಅವರು ಎಣಿಸಿರಲಿಲ್ಲ.

ಅವರದು ಐದು ಎಕರೆ ತೋಟ. ಪುಷ್ಕರಿಣಿಗಿಂತ ಮೇಲ್ಭಾಗದಲ್ಲಿ, ಹೊಳೆಯ ದಂಡೆಗೆ ಹೊಂದಿಕೊಂಡಿದೆ. ತಂದೆಯ ಕಾಲದಲ್ಲಿ ಅಲ್ಲಿ ಹೊಗೆಸೊಪ್ಪು ಬೆಳೆಯುತ್ತಿದ್ದರು. ರಾಮನಾಥಪುರವೆಂದರೆ ಇಂದಿಗೂ ವರ್ಜೀನಿಯಾ ತಂಬಾಕಿನ ಹರಾಜು ಮಾರುಕಟ್ಟೆಯ ಊರು. ಸೊಪ್ಪು ಹದ ಮಾಡುವ ಬ್ಯಾರನ್‌ಗಳಿಗೆ ಸುಡುವ ಸೌದೆಯನ್ನೂ ಆ ಸೊಪ್ಪು ಸುಡುವ ಶ್ವಾಸಕೋಶಗಳನ್ನೂ ಲೆಕ್ಕ ಹಾಕಿದ ಮೇಷ್ಟರು ಅದನ್ನು ಬಿಟ್ಟು ಅಡಿಕೆ, ತೆಂಗು, ಬಾಳೆ ಹಾಕಿಸಿದರು. ಅದರಿಂದ ವರಮಾನ ತಗ್ಗಿದ್ದು ನಿಜ. ಆದರೆ ಪಾಪದ ಬೆಳೆಯಿಂದ ಪಾರಾದೆವೆಂಬ ಸಮಾಧಾನ ಮನೆಯಲ್ಲಿತ್ತು.

2025ರಲ್ಲಿ ಮುಂಗಾರು ಎಂದಿಗಿಂತ ಬೇಗ ಬಂದಿತು. ಮೇ ತಿಂಗಳಲ್ಲಿಯೇ ನೆಲ ನೆನೆದು, ಆಷಾಢದ ಹೊತ್ತಿಗೆ ತೋಟದ ತುಂಬ ಬಸವನಹುಳುಗಳು ಕಾಣಿಸಿಕೊಂಡವು. ಹೊಲದ ಬದುಗಳಲ್ಲಿ ಮೊದಲಿನಿಂದ ಇರುವ ಚಿಕ್ಕ ಹುಳುಗಳಲ್ಲ, ಮುಷ್ಟಿಗಾತ್ರದ ಕಂದುಬಣ್ಣದ ಆಫ್ರಿಕಾದ ಬಸವನಹುಳು. ಪಕ್ಕದ ಕೊಡಗಿನ ಶನಿವಾರಸಂತೆಯ ಸುತ್ತಣ ಕಾಫಿ ತೋಟಗಳನ್ನು ಹಲವು ಮಳೆಗಾಲ ಕಾಡಿದ ಹುಳು ಇದೇ. ಹಗಲು ಕಸದಡಿಯಲ್ಲಿ ಅಡಗಿ ರಾತ್ರಿ ಹೊರಬರುತ್ತದೆ. ಬಾಳೆಯ ಸುಳಿ, ಅಡಿಕೆಯ ಎಳೆ ಹಿಂಗಾರ, ಪರಂಗಿಯ ಸಿಪ್ಪೆ, ಯಾವುದನ್ನೂ ಬಿಡುವುದಿಲ್ಲ. ಒಂದೊಂದು ಸಲಕ್ಕೆ ನೂರಾರು ಮೊಟ್ಟೆ ಇಡುತ್ತದೆ. ಅದು ತಾನಾಗಿ ಈ ದೇಶಕ್ಕೆ ಬಂದದ್ದಲ್ಲ. 1847ರಲ್ಲಿ ಬೆನ್ಸನ್ ಎಂಬ ಆಂಗ್ಲ ಚಿಪ್ಪುಪ್ರಿಯನೊಬ್ಬ ಮಾರಿಷಸ್ಸಿನಿಂದ ಕೆಲವನ್ನು ತಂದು ಕಲ್ಕತ್ತೆಯ ತೋಟವೊಂದರಲ್ಲಿ ಬಿಟ್ಟ. ಜೀವಿಯನ್ನು ಅದರ ನೆಲೆಯಿಂದ ಕಿತ್ತು ತಂದವನ ಕುತೂಹಲಕ್ಕೆ ಇನ್ನೂ ಬೆಲೆ ತೆರುತ್ತಿರುವವರು ಅವನನ್ನು ಕಂಡರಿಯದ ಬೇಸಾಯಗಾರರು, ಮತ್ತು ಆ ಹುಳುಗಳು.

ತೋಟದ ಆಳು ಎರಡು ಚೀಲ ಕಲ್ಲುಪ್ಪು ಬೇಕೆಂದ. ಮೇಷ್ಟರು ಮೂರು ದಿನ ಮುಂದೂಡಿದರು. ನಾಲ್ಕನೆಯ ದಿನ ಬೆಳಿಗ್ಗೆ ನಲವತ್ತು ಬಾಳೆಗಿಡಗಳ ಸುಳಿ ತಿಂದುಹೋಗಿತ್ತು.

“ನೀವು ನೋಡ್ಬೇಡಿ ಮೇಷ್ಟ್ರೇ, ಒಳಗಿರಿ. ನಾನು ಮಾಡಿ ಮುಗಿಸ್ತೀನಿ” ಎಂದ ಆಳು, ಗೌರವದಿಂದಲೇ.

ಮೇಷ್ಟರು ಹಣ ಕೊಟ್ಟು ಒಳಗೆ ಹೋದರು. ಉಪ್ಪು ಬಿದ್ದ ಹುಳು ನೊರೆ ಕಾರಿ ಕರಗುವುದನ್ನು ಅವರು ನೋಡಲಿಲ್ಲ. ಆದರೆ ವಿಜ್ಞಾನ ಹೇಳಿಕೊಟ್ಟವರಿಗೆ ಪರಾಸರಣವೆಂದರೇನು ಎಂಬುದು ನೋಡದೆಯೂ ಗೊತ್ತು. ಕೃತ, ಕಾರಿತ, ಅನುಮೋದನೆ ಎಂದು ಹಿಂಸೆಯ ಬಾಗಿಲುಗಳು ಮೂರು. ತಾನು ಮಾಡದಿದ್ದರೂ ಮಾಡಿಸಿದ್ದು, ಮಾಡಿದ್ದಕ್ಕೆ ಒಪ್ಪಿದ್ದು ಎರಡೂ ಲೆಕ್ಕಕ್ಕೆ ಸೇರುತ್ತವೆ ಎಂಬುದನ್ನು ಅವರು ಬಾಲ್ಯದಲ್ಲಿಯೇ ತಾಯಿಯಿಂದ ಕೇಳಿ ತಿಳಿದಿದ್ದರು. ಕೋಣೆಯ ಬಾಗಿಲು ಹಾಕಿಕೊಂಡು ಕುಳಿತವರಿಗೆ ಮೂರರಲ್ಲಿ ಎರಡು ಬಾಗಿಲು ತೆರೆದೇ ಇವೆ ಎಂಬುದು ನೆನಪಾಯಿತು.

ದಶಲಕ್ಷಣ ಪರ್ವದ ದಿನಗಳಿಗೆ ಸರಿಯಾಗಿ ಮಗಳ ಮಗಳು ಮನೆಗೆ ಬಂದಳು. ಮಂಗಳಗಂಗೋತ್ರಿಯಲ್ಲಿ ಸಾಗರ ಭೂವಿಜ್ಞಾನ ಓದಿ ಮುಗಿಸಿದ ಹುಡುಗಿ. ಕಡಲ ತಳದ ಖನಿಜಗಳ ಶೋಧನೆಗೆ ಸಂಬಂಧಿಸಿದ ಒಂದು ಸಂಸ್ಥೆಯಿಂದ ಅವಳಿಗೆ ಕರೆ ಬಂದಿತ್ತು. ಹೋಗಬೇಕೋ ಬೇಡವೋ ಎಂಬುದನ್ನು ತಾತನ ಮುಂದೆ ಇಡಲೆಂದೇ ಬಂದಿದ್ದಳು. ಆದರೆ ಮೊದಲ ದಿನವೇ ಆ ವಿಷಯ ಎತ್ತಲಿಲ್ಲ. ಜಗಲಿಯ ಮೇಲೆ ಕುಳಿತು ಒಂದು ಚಿತ್ರ ತೋರಿಸಿದಳು.

“ತಾತ, ಇದು ಏನು ಹೇಳಿ ನೋಡೋಣ.”

ಮೇಷ್ಟರು ಕನ್ನಡಕ ಸರಿಪಡಿಸಿಕೊಂಡರು. ಕಪ್ಪಾದ, ಗುಂಡಗಿನ ಚಿಪ್ಪು. ಅದರ ಕೆಳಗೆ ಚಾಚಿದ ಪಾದದ ಎರಡು ಬದಿಗೂ ಮನೆಯ ಹೆಂಚು ಹೊದಿಸಿದಂತೆ ಒಂದರ ಮೇಲೊಂದು ಕವಿದ ನೂರಾರು ಹುರುಪೆಗಳು. ಲೋಹದ ಹೊಳಪು. ಯಾವನೋ ಅಕ್ಕಸಾಲಿಗನ ಕೈಕೆಲಸವಿರಬೇಕು ಎಂದರು. ಅಲ್ಲ, ಬಸವನಹುಳು, ಜೀವಂತವಾದದ್ದು ಎಂದು ಅವಳು ನಕ್ಕಳು. ಬಸವನಹುಳು ಎಂಬ ಮಾತಿಗೆ ಮೇಷ್ಟರ ಮುಖ ಏಕೆ ಬಾಡಿತೆಂದು ಅವಳಿಗೆ ಆಗ ತಿಳಿಯಲಿಲ್ಲ.

ಆ ಜೀವಿಯ ಶಾಸ್ತ್ರೀಯ ನಾಮ ಕ್ರೈಸೋಮ್ಯಾಲನ್ ಸ್ಕ್ವಾಮಿಫೆರಮ್. ಹೊನ್ನಿನ ಕೂದಲಿನದು, ಹುರುಪೆ ಹೊತ್ತದ್ದು ಎಂದು ಸ್ಥೂಲವಾಗಿ ಅರ್ಥ ಹೇಳಬಹುದು. ಹಿಂದೂ ಮಹಾಸಾಗರದ ತಳದ ಬಿಸಿನೀರಿನ ಬುಗ್ಗೆಗಳಲ್ಲಿ ಮಾತ್ರ ಅದರ ವಾಸ. ಪೂರ್ಣ ಬೆಳೆದರೂ ಚಿಪ್ಪು ಸುಮಾರು 4.5 ಸೆಂಟಿಮೀಟರು. 2001ರಲ್ಲಿ, ಮಾರಿಷಸ್ಸಿಗೆ ಆಗ್ನೇಯದಲ್ಲಿ ಮೂರು ಸಾಗರಪರ್ವತ ಶ್ರೇಣಿಗಳು ಕೂಡುವ ಸ್ಥಳಕ್ಕೆ ಸಮೀಪದ ಕೈರೇ ಎಂಬ ಬುಗ್ಗೆಯ ಕ್ಷೇತ್ರದಲ್ಲಿ, ಸುಮಾರು 2,420 ಮೀಟರು ಆಳದಲ್ಲಿ, ಅಮೆರಿಕದ ವಿಜ್ಞಾನಿಗಳ ತಂಡಕ್ಕೆ ಅದು ಮೊದಲು ಸಿಕ್ಕಿತು. ರಾಮನಾಥಪುರದಿಂದ ನಾಲ್ಕು ಸಾವಿರ ಕಿಲೋಮೀಟರಿಗೂ ದೂರ. ಆ ಆಳವೆಷ್ಟೆಂದರೆ, ಮುಳ್ಳಯ್ಯನಗಿರಿಯನ್ನು ಕಡಲ ಮಟ್ಟದಿಂದ ಅಳೆದಷ್ಟು ಎತ್ತರಕ್ಕೆ ಆ ತಳದಲ್ಲಿ ನಿಲ್ಲಿಸಿದರೂ ಅದರ ನೆತ್ತಿಯ ಮೇಲೆ ಇನ್ನೂ ಅರ್ಧ ಕಿಲೋಮೀಟರಿನಷ್ಟು ನೀರಿರುತ್ತದೆ.

ಅಲ್ಲಿಗೆ ಸೂರ್ಯನ ಬೆಳಕು ತಲಪುವುದಿಲ್ಲ. ಭೂಮಿಯ ಬಿರುಕಿನೊಳಕ್ಕೆ ಇಳಿದ ಕಡಲ ನೀರು ಒಳಗಣ ಬೆಂಕಿಗೆ ಕಾದು, ಬಂಡೆಯೊಳಗಿನ ತಾಮ್ರ, ಸತು, ಕಬ್ಬಿಣ, ಚಿನ್ನ, ಬೆಳ್ಳಿಗಳನ್ನು ಕರಗಿಸಿಕೊಂಡು ಕಪ್ಪು ಹೊಗೆಯಂತೆ ಮೇಲಕ್ಕೆ ಚಿಮ್ಮುತ್ತದೆ. ಅದರ ಉಷ್ಣತೆ ಮುನ್ನೂರು ಡಿಗ್ರಿ ಸೆಲ್ಸಿಯಸ್ಸನ್ನು ಮೀರುವುದುಂಟು; ಮೇಲಿನ ನೀರಿನ ಒತ್ತಡದಿಂದಾಗಿ ಕುದಿಯುವುದಿಲ್ಲ. ತಣ್ಣೀರಿಗೆ ತಾಗಿದೊಡನೆ ಕರಗಿದ ಲೋಹಗಳು ಗಂಧಕದೊಡನೆ ಸೇರಿ ಹೆಪ್ಪುಗಟ್ಟಿ ಚಿಮಣಿಗಳಂತೆ ಏಳುತ್ತವೆ. ಇಂಥ ಬುಗ್ಗೆಗಳ ಸುತ್ತ ಜೀವಲೋಕವೊಂದು ಇದೆಯೆಂಬುದೇ 1977ರವರೆಗೆ ಮನುಷ್ಯನಿಗೆ ಗೊತ್ತಿರಲಿಲ್ಲ. ಆ ವರ್ಷ ಗಾಲಪಗಸ್ ದ್ವೀಪಗಳ ಬಳಿ ಮೊದಲು ಕಂಡದ್ದು.

ಈ ಹುಳುವಿಗೆ ಬಾಯಿ ಇದ್ದರೂ ಊಟವಿಲ್ಲ. ಅದರ ಅನ್ನನಾಳಕ್ಕೆ ಸೇರಿದ ಗ್ರಂಥಿಯೊಂದು ಹಿಗ್ಗಿ ಬೆಳೆದು, ಅದರೊಳಗೆ ಕೋಟ್ಯಂತರ ಬ್ಯಾಕ್ಟೀರಿಯಾಗಳು ನೆಲಸಿವೆ. ಬುಗ್ಗೆಯ ನೀರಿನ ಗಂಧಕದಿಂದ ಶಕ್ತಿ ಪಡೆದು ಅವು ಆಹಾರ ತಯಾರಿಸುತ್ತವೆ. ಹುಳು ಅದರಿಂದ ಬದುಕುತ್ತದೆ. ಒಳಗಿನ ಆ ಅತಿಥಿಗಳಿಗೆ ಆಮ್ಲಜನಕ ಒದಗಿಸಬೇಕಾದ್ದರಿಂದ ಹೃದಯ ದೊಡ್ಡದು, ದೇಹದ ಗಾತ್ರದಲ್ಲಿ ಶೇಕಡಾ 4ರಷ್ಟು. ಮನುಷ್ಯನ ಹೃದಯ ಆ ಲೆಕ್ಕದಲ್ಲಿ ಶೇಕಡಾ ಒಂದೂಕಾಲನ್ನು ಸ್ವಲ್ಪ ಮೀರುತ್ತದೆ, ಅಷ್ಟೆ. ಕಣ್ಣು ಇಲ್ಲ. ಗಂಡು ಹೆಣ್ಣೆಂಬ ಭೇದವೂ ಇಲ್ಲ. ಒಂದೇ ದೇಹದಲ್ಲಿ ಎರಡೂ. ಚಿಪ್ಪಿಗೆ ಮೂರು ಪದರ: ಒಳಗೆ ಸುಣ್ಣದ್ದು, ನಡುವೆ ಮೆತ್ತನೆಯ ಜೈವಿಕ ಪದರ, ಹೊರಗೆ ಕಬ್ಬಿಣದ ಸಲ್ಫೈಡಿನ ತೆಳುವಾದ ಲೇಪ. ಪಾದದ ಹುರುಪೆಗಳಿಗೂ ಅದೇ ಕಬ್ಬಿಣ. ಕಬ್ಬಿಣವನ್ನು ಹೀಗೆ ಮೈಗೆ ಕವಚವಾಗಿ ತೊಟ್ಟ ಪ್ರಾಣಿ ಬೇರೊಂದು ಗೊತ್ತಿಲ್ಲ.

ಕವಚವೆಂದ ಕೂಡಲೇ ಯುದ್ಧ ನೆನಪಾಗುತ್ತದೆ. ಸೈನ್ಯದವರಿಗೂ ಈ ಚಿಪ್ಪಿನ ರಚನೆಯಲ್ಲಿ ಆಸಕ್ತಿ ಹುಟ್ಟಿತು. ಆದರೆ ಆಮೇಲಿನ ಸಂಶೋಧನೆ ಬೇರೊಂದನ್ನು ತೋರಿಸಿದೆ. 2009ರಲ್ಲಿ ಜಪಾನೀಯರು ಸಾಲಿಟೇರ್ ಎಂಬ ಮತ್ತೊಂದು ಕ್ಷೇತ್ರದಲ್ಲಿ ಕಂಡ ಇದೇ ಜಾತಿಯ ಹುಳುಗಳು ಬಿಳುಪಾಗಿದ್ದವು, ಅವಕ್ಕೆ ಕಬ್ಬಿಣದ ಲೇಪವಿರಲಿಲ್ಲ. ಅಲ್ಲಿಯ ಬುಗ್ಗೆಯ ನೀರಿನಲ್ಲಿ ಕಬ್ಬಿಣ ಕಡಮೆ. ಕವಚವಿಲ್ಲದೆಯೂ ಅವು ಸುಖವಾಗಿಯೇ ಇದ್ದವು. ಒಳಗಿನ ಬ್ಯಾಕ್ಟೀರಿಯಾಗಳು ಉಳಿಸುವ ಗಂಧಕ ದೇಹಕ್ಕೆ ವಿಷವಾಗದಂತೆ ಹುಳು ಅದನ್ನು ಹುರುಪೆಗಳ ಸೂಕ್ಷ್ಮ ನಾಳಗಳ ಮೂಲಕ ಹೊರಗೆ ತಳ್ಳುತ್ತದೆಂದೂ, ಹೊರಗಿನ ಕಬ್ಬಿಣ ಅದಕ್ಕೆ ಬಂದು ಸೇರುತ್ತದೆಂದೂ ಈಗಿನ ತಿಳಿವಳಿಕೆ. ಎಂದರೆ ಶತ್ರುವಿನಿಂದ ಕಾಪಾಡಿಕೊಳ್ಳಲು ತೊಟ್ಟದ್ದಲ್ಲ. ತನ್ನೊಳಗಿನ ವಿಷವನ್ನು ಕಳೆದುಕೊಂಡದ್ದರ ಗುರುತು.

ಮೇಷ್ಟರು ಇದನ್ನು ಎರಡು ಬಾರಿ ಹೇಳಿಸಿಕೊಂಡರು. ನಿರ್ಜರೆ ಎಂಬ ಶಬ್ದ ಅವರ ನಾಲಗೆಯ ತುದಿಗೆ ಬಂದಿತ್ತು. ಆದರೆ ಅವರು ನುಂಗಿಕೊಂಡರು. ವಿಜ್ಞಾನದ ಪ್ರತಿಯೊಂದು ಹೊಸ ಸಂಗತಿಗೂ ಶಾಸ್ತ್ರದ ಒಂದು ಪದವನ್ನು ಅಂಟಿಸಿ, ನಮ್ಮವರಿಗೆ ಮೊದಲೇ ತಿಳಿದಿತ್ತು ಎನ್ನುವ ಚಟ ಅವರಿಗೆ ಹಿಡಿಸದು. ಶಂಖ, ಚಿಪ್ಪು, ಎರೆಹುಳುಗಳು ದ್ವೀಂದ್ರಿಯ ಜೀವಗಳು, ಸ್ಪರ್ಶನ ಮತ್ತು ರಸನ ಎಂಬ ಎರಡೇ ಇಂದ್ರಿಯ ಅವಕ್ಕೆ ಎಂದು ಶಾಸ್ತ್ರ ಹೇಳುತ್ತದೆ. ತೋಟದ ಬಸವನಹುಳುವಿಗಾದರೋ ಕೊಂಬಿನ ತುದಿಯಲ್ಲಿ ಕಣ್ಣಿನ ಚುಕ್ಕೆಯಿದೆ, ವಾಸನೆಯೂ ತಿಳಿಯುತ್ತದೆ. ಕಡಲ ತಳದ ಹುಳುವಿಗೆ ಕಣ್ಣಿಲ್ಲ, ಊಟವಿಲ್ಲದ್ದರಿಂದ ರುಚಿ ಇದೆಯೋ ಇಲ್ಲವೋ ಹೇಳುವಂತಿಲ್ಲ. ಎರಡೂ ಆ ಪಟ್ಟಿಗೆ ಸರಿಯಾಗಿ ಹೊಂದುವುದಿಲ್ಲ. ಹೊಂದಬೇಕೆಂಬ ಹಟವೇಕೆ? ಆ ಪಟ್ಟಿ ಮಾಡಿದವರ ಉದ್ದೇಶ ಪ್ರಾಣಿಶಾಸ್ತ್ರ ಬರೆಯುವುದಾಗಿರಲಿಲ್ಲ; ಎರಡೇ ಇಂದ್ರಿಯದ ಜೀವಕ್ಕೂ ಕಾಯಬಲ, ಶ್ವಾಸೋಚ್ಛ್ವಾಸ, ಆಯುಷ್ಯ ಮೊದಲಾಗಿ ಆರು ಪ್ರಾಣಗಳಿವೆ, ಕಾಲಿಡುವಾಗ ನೋಡಿ ಇಡು ಎಂದು ಹೇಳುವುದಾಗಿತ್ತು. ಆ ಎಚ್ಚರಿಕೆಗೆ ಹುಳುವಿನ ಕಣ್ಣಿನ ಲೆಕ್ಕ ತಪ್ಪಿದರೂ ಬಾಧೆಯಿಲ್ಲ.

ಮೊಮ್ಮಗಳು ಮುಖ್ಯ ವಿಷಯಕ್ಕೆ ಬಂದದ್ದು ಸಂಯಮ ಧರ್ಮದ ದಿನ ಸಂಜೆ. ಈ ಹುಳುವಿಗೆ 2015ರಲ್ಲಿ ವಿಧಿವತ್ತಾದ ಶಾಸ್ತ್ರೀಯ ವಿವರಣೆ ದೊರೆಯಿತು. 2019ರಲ್ಲಿ, ಅಳಿವಿನಂಚಿನಲ್ಲಿರುವ ಜೀವಿಗಳ ಅಂತರರಾಷ್ಟ್ರೀಯ ಕೆಂಪು ಪಟ್ಟಿಗೆ ಅದು ಸೇರಿತು. ಕಡಲ ತಳದ ಗಣಿಗಾರಿಕೆಯ ಭೀತಿಯ ಕಾರಣಕ್ಕೆ ಆ ಪಟ್ಟಿಗೆ ಸೇರಿದ ಮೊದಲ ಜೀವಿ ಇದೇ. ಆಗ ಅದರ ನೆಲೆಗಳೆಂದು ಗೊತ್ತಿದ್ದವು ಕೈರೇ, ಸಾಲಿಟೇರ್, ನೈಋತ್ಯ ಹಿಂದೂ ಮಹಾಸಾಗರ ಶ್ರೇಣಿಯ ಲಾಂಗ್‌ಕೀ ಎಂಬ ಮೂರು. ಆಮೇಲೆ ಇನ್ನೂ ಕೆಲವು ಕಡೆ ಕಂಡಿದೆ. ಆ ಮೂರೂ ಸೇರಿ ಅದು ವಾಸಿಸುವ ಒಟ್ಟು ವಿಸ್ತಾರ 0.02 ಚದರ ಕಿಲೋಮೀಟರು.

“ಅಂದರೆ ಎಷ್ಟಮ್ಮ?” ಎಂದರು ಮೇಷ್ಟರು, ಲೆಕ್ಕ ತಿಳಿಯದೆ ಅಲ್ಲ, ಕಿವಿಯನ್ನು ನಂಬಲಾಗದೆ.

“ಎರಡು ಹೆಕ್ಟೇರು ತಾತ. ನಮ್ಮ ತೋಟದಷ್ಟು. ಐದು ಎಕರೆ.”

ಅವರು ಜಗಲಿಯಿಂದ ಕಾಣುವ ಬೇಲಿಯನ್ನು ಈ ತುದಿಯಿಂದ ಆ ತುದಿಯವರೆಗೆ ನೋಡಿದರು. ಒಂದು ಜಾತಿಯ ಜೀವಕ್ಕೆ ಇಡೀ ಜಗತ್ತಿನಲ್ಲಿ ಗೊತ್ತಾದ ಮನೆ ಇಷ್ಟು.

ಕೈರೇ ಕ್ಷೇತ್ರ ಜರ್ಮನಿಗೆ, ಲಾಂಗ್‌ಕೀ ಚೀನಕ್ಕೆ ಖನಿಜ ಶೋಧನೆಗಾಗಿ ಕೊಟ್ಟಿರುವ ಭಾಗಗಳೊಳಗೆ ಬರುತ್ತವೆ. ಸಾಲಿಟೇರ್ ಮಾರಿಷಸ್ಸಿನ ಜಲವಲಯದಲ್ಲಿದೆ. ಭಾರತವೂ ಹೊರಗಿನದಲ್ಲ. ಜಮೈಕಾದಲ್ಲಿ ಕಚೇರಿಯಿರುವ ಅಂತರರಾಷ್ಟ್ರೀಯ ಸಾಗರತಳ ಪ್ರಾಧಿಕಾರದೊಡನೆ ಭಾರತ 2016ರ ಸೆಪ್ಟೆಂಬರಿನಲ್ಲಿ ಒಪ್ಪಂದ ಮಾಡಿಕೊಂಡು, ಮಧ್ಯ ಮತ್ತು ನೈಋತ್ಯ ಹಿಂದೂ ಮಹಾಸಾಗರ ಶ್ರೇಣಿಗಳಲ್ಲಿ 10,000 ಚದರ ಕಿಲೋಮೀಟರು ಪ್ರದೇಶದಲ್ಲಿ ಬಹುಲೋಹ ಸಲ್ಫೈಡುಗಳನ್ನು ಹುಡುಕುವ ಹಕ್ಕನ್ನು ಹದಿನೈದು ವರ್ಷಗಳಿಗೆ ಪಡೆದಿದೆ. 2021ರಲ್ಲಿ 4,077 ಕೋಟಿ ರೂಪಾಯಿಗಳ ಆಳ ಸಾಗರ ಯೋಜನೆಗೆ ಕೇಂದ್ರ ಸರ್ಕಾರ ಒಪ್ಪಿಗೆ ನೀಡಿತು. ಇವೆಲ್ಲ ಶೋಧನೆಯ ಅನುಮತಿಗಳೇ ಹೊರತು ಅಗೆಯುವ ಅನುಮತಿಗಳಲ್ಲ. ಆದರೆ ಹುಡುಕುವವರು ಸುಮ್ಮನೆ ನೋಡಿ ಬರುವುದಕ್ಕೆ ಇಷ್ಟು ವೆಚ್ಚ ಮಾಡುವುದಿಲ್ಲವೆಂಬುದು ಕುದುರೆಮುಖವನ್ನು ಕಂಡ ನಾಡಿಗೆ ಬಿಡಿಸಿ ಹೇಳಬೇಕಾಗಿಲ್ಲ. ಅಲ್ಲಿ ಅದಿರು ತೆಗೆಯುವುದು ಸರ್ವೋಚ್ಚ ನ್ಯಾಯಾಲಯದ ಆದೇಶದಂತೆ 2005ರ ಕೊನೆಗೆ ನಿಂತಿತು. ಆ ಹೊತ್ತಿಗೆ ಭದ್ರೆಯ ನೀರಿಗೆ ಹಲವು ವರ್ಷಗಳ ಕೆಂಪು ಹೂಳು ಸೇರಿತ್ತು. ಅದನ್ನಾದರೂ ಜನ ಕಣ್ಣಾರೆ ಕಂಡಿದ್ದರು, ಕಂಡದ್ದರಿಂದಲೇ ಕೂಗಿದರು. ಎರಡೂವರೆ ಕಿಲೋಮೀಟರು ನೀರಿನ ಕೆಳಗೆ ಎದ್ದ ಹೂಳನ್ನು ಯಾರು ಕಂಡು ಕೂಗಬೇಕು?

ಶ್ರಾವಕಾಚಾರದ ಗ್ರಂಥಗಳು ಗೃಹಸ್ಥನು ಬಿಡಬೇಕಾದ ಕ್ರೂರ ವೃತ್ತಿಗಳು ಹದಿನೈದು ಎಂದು ಎಣಿಸುವಾಗ ನೆಲವನ್ನು ಒಡೆಯುವ ಸ್ಫೋಟಕರ್ಮವನ್ನೂ ಅದರಲ್ಲಿ ಸೇರಿಸಿವೆ. ಅದನ್ನು ಹಿಡಿದು, ಹೋಗಬೇಡ ಎಂದು ಹೇಳಿಬಿಡುವುದು ಸುಲಭವಾಗಿತ್ತು. ಮನೆಯಲ್ಲಿ ಕೆಲವರು ಹಾಗೆ ಹೇಳಿದರು ಕೂಡ. ಮೇಷ್ಟರು ಹೇಳಲಿಲ್ಲ. ಹಾಗೆ ಹೇಳಿದ ಬಂಧು ಮರುಕ್ಷಣವೇ ಎದ್ದು ಹೋಗಿ ಪಂಪಿನ ಗುಂಡಿ ಒತ್ತಿದ್ದನ್ನು ಅವರು ನೋಡಿದರು. ಆ ಮೋಟರನ್ನು ವರ್ಷಕ್ಕೊಮ್ಮೆಯಾದರೂ ರೀವೈಂಡಿಂಗಿಗೆ ಒಯ್ಯಬೇಕು. ಅದರ ಹೊಟ್ಟೆಯ ತುಂಬ ತಾಮ್ರದ ತಂತಿ. ಊರಿನ ಪ್ರತಿಯೊಂದು ತೋಟದಲ್ಲಿಯೂ ಒಂದೊಂದು ಮೋಟರು. ಕಡಲ ತಳದ ಸಲ್ಫೈಡಿನಲ್ಲಿ ದೇಶಗಳು ಹುಡುಕುತ್ತಿರುವುದು ಮುಖ್ಯವಾಗಿ ಇದೇ ತಾಮ್ರವನ್ನು, ಸತುವನ್ನು. ಬೇಕೆನ್ನುವವರು ಒಂದು ಕಡೆ, ಅಗೆಯುವವರು ಇನ್ನೊಂದು ಕಡೆ ಇದ್ದರೆ ಪಾಪವೆಲ್ಲ ಅಗೆಯುವವನದೇ ಎನ್ನುವುದು ಉಪ್ಪಿನ ಚೀಲಕ್ಕೆ ಹಣ ಕೊಟ್ಟು ಬಾಗಿಲು ಹಾಕಿಕೊಂಡವನ ತರ್ಕವಾಗುತ್ತದೆ.

ಆ ರಾತ್ರಿ ಅವರು ಉಪ್ಪಿನ ವಿಷಯವನ್ನು ಮೊಮ್ಮಗಳಿಗೆ ಹೇಳಿದರು. ಮಕ್ಕಳಿಗೆ ಹೇಳಿಕೊಂಡಿರಲಿಲ್ಲ.

ಅವಳು ತಾತನನ್ನು ಸಮಾಧಾನಪಡಿಸಲು ಹೋಗಲಿಲ್ಲ. ಅದು ಅವಳ ಒಳ್ಳೆಯ ಗುಣ. ಬದಲಿಗೆ ಬೇರೆ ಉಪಾಯವಿದೆಯೇ ಎಂದು ಇಬ್ಬರೂ ಕುಳಿತು ಯೋಚಿಸಿದರು. ಬಸವನಹುಳುವಿಗೆ ತಾಮ್ರವೆಂದರೆ ಆಗದು. ಮೈಲುತುತ್ತ ಮತ್ತು ಸುಣ್ಣ ಕಲಸಿದ ಬೋರ್ಡೋ ಮುಲಾಮನ್ನು ಮರದ ಬುಡದಿಂದ ಮೊಣಕಾಲೆತ್ತರಕ್ಕೆ ಬಳಿದರೆ ಹುಳು ಹತ್ತುವುದಿಲ್ಲ, ಸಾಯುವುದೂ ಇಲ್ಲ, ಹಿಂದಿರುಗುತ್ತದೆ. ಕೊಲ್ಲದೆ ತಡೆಯುವ ದಾರಿ ಇದು ಎಂದು ಮೇಷ್ಟರಿಗೆ ಒಂದು ಗಳಿಗೆ ಹರ್ಷವಾಯಿತು. ಆಮೇಲೆ ಹೊಳೆಯಿತು: ಮೈಲುತುತ್ತ ಮೀನಿಗೆ ವಿಷ. ಮಳೆಗೆ ತೊಳೆದುಹೋದದ್ದು ಇಳಿಜಾರಿನಲ್ಲಿ ಹರಿದು ಹೊಳೆಗೆ, ಹೊಳೆಯಿಂದ ಪುಷ್ಕರಿಣಿಗೆ. ಮೈಲುತುತ್ತವಾದರೂ ಮೂಲತಃ ತಾಮ್ರವೇ. ಮೇಲಿನ ಬಸವನಹುಳುವನ್ನು ಕೊಲ್ಲದೆ ಬಿಡಲು ಬಳಸುವ ಲೋಹವನ್ನು ನಾಳೆ ಕೆಳಗಿನ ಬಸವನಹುಳುವಿನ ಮನೆ ಕೆಡವಿ ತಂದರೆ ಏನು ಹೇಳುವುದು? ತಮ್ಮ ಈ ಚಿಂತೆ ಅತಿಯಾಯಿತೆಂದು ಅವರಿಗೇ ನಗು ಬಂತು. ನಗು ಬಂದರೂ ಪ್ರಶ್ನೆ ಹೋಗಲಿಲ್ಲ.

ಹಿಡಿದು ಬೇರೆ ಕಡೆ ಬಿಡೋಣವೆಂದರೆ ಎಲ್ಲಿಗೆ? ನೆರೆಯವನ ತೋಟಕ್ಕೆ ಬಿಡುವುದು ದಯೆಯಲ್ಲ. ಕಾಡಿಗೆ ಬಿಟ್ಟರೆ ಅಲ್ಲಿಯ ಸ್ಥಳೀಯ ಹುಳುಗಳ ಬಾಯಿಗೆ ಮಣ್ಣು.

ಆಗ ಮೇಷ್ಟರಿಗೆ ಅಜ್ಜಿಯ ನೆನಪಾಯಿತು. ಬಾವಿಯ ನೀರನ್ನು ಅವರು ಎರಡು ಮಡಿಕೆಯ ದಪ್ಪ ಬಟ್ಟೆಯಲ್ಲಿ ಸೋಸುತ್ತಿದ್ದರು. ಸೋಸುವುದನ್ನು ಬಹಳ ಮನೆಗಳಲ್ಲಿ ಬಲ್ಲರು. ಅಜ್ಜಿ ಅಲ್ಲಿಗೆ ಮುಗಿಸುತ್ತಿರಲಿಲ್ಲ. ಆ ಬಟ್ಟೆಯನ್ನು ಸೋಸಿದ ನೀರಿನಿಂದಲೇ ಮಗುಚಿ ತೊಳೆದು, ಆ ತೊಳೆದ ನೀರನ್ನು ಚಿಕ್ಕ ಪಾತ್ರೆಯಲ್ಲಿ ಹಗ್ಗ ಕಟ್ಟಿ, ಅದೇ ಬಾವಿಯ ನೀರಿನ ಮಟ್ಟದವರೆಗೆ ಮೆಲ್ಲನೆ ಇಳಿಸುತ್ತಿದ್ದರು. ಮೇಲಿನಿಂದ ಸುರಿಯುವಂತಿರಲಿಲ್ಲ. ಒಂದು ಬಾವಿಯದನ್ನು ಇನ್ನೊಂದು ಬಾವಿಗೆ ಹಾಕುವಂತಿರಲಿಲ್ಲ. ಬಟ್ಟೆಯಲ್ಲಿ ಏನೂ ಕಾಣುವುದಿಲ್ಲವಲ್ಲ ಅಜ್ಜಿ ಎಂದು ಹುಡುಗ ಕೇಳಿದ್ದಕ್ಕೆ ಆಕೆ, ಕಾಣುವುದಿಲ್ಲವೆಂದೇ ಇಷ್ಟು ಜೋಪಾನ ಎಂದಿದ್ದರು. ಓದು ಬಾರದ ಆ ಮುದುಕಿಗೆ ಸೂಕ್ಷ್ಮದರ್ಶಕವೆಂದರೇನೆಂದು ಗೊತ್ತಿರಲಿಲ್ಲ. ಜೀವವನ್ನು ಕೊಲ್ಲದಿದ್ದರೆ ಸಾಲದು, ಅದರ ನೆಲೆಗೆ ಅದನ್ನು ಮುಟ್ಟಿಸಬೇಕು ಎಂಬುದು ಆಕೆಗೆ ಗೊತ್ತಿತ್ತು.

ಆಫ್ರಿಕಾದ ಹುಳುವಿಗೆ ಹಿಂದಿರುಗುವ ನೆಲೆ ಇಲ್ಲಿಲ್ಲ. ಬೆನ್ಸನ್ ಸಾಹೇಬ ಹಗ್ಗವನ್ನೇ ಕತ್ತರಿಸಿಬಿಟ್ಟಿದ್ದ. ಕಡಲ ತಳದ ಹುಳುವಿಗಾದರೋ ಅದರ ಐದು ಎಕರೆಯ ಹೊರಗೆ ಬದುಕಿಲ್ಲ. ಬುಗ್ಗೆಯ ಚಿಮಣಿಯನ್ನು ಕೆಡವಿದ ಮೇಲೆ ಅದನ್ನು ಬೇರೆಲ್ಲಿಗೋ ಸಾಗಿಸುತ್ತೇವೆಂಬ ಮಾತು ನಡೆಯುವುದಲ್ಲ. ಒಂದಕ್ಕೆ ಈಗಾಗಲೇ ತಪ್ಪಿಹೋದದ್ದು ಇನ್ನೊಂದಕ್ಕೆ ತಪ್ಪದ ಹಾಗೆ ಮಾಡಲು ಇನ್ನೂ ಹೊತ್ತಿದೆ ಎಂಬುದಷ್ಟೇ ಎರಡಕ್ಕೂ ಇರುವ ಭೇದ.

ಭಾದ್ರಪದ ಬಹುಳ ಪಾಡ್ಯದ ದಿನ ಕ್ಷಮಾವಣಿ. ಬಂಧುಗಳು, ನೆರೆಯವರು, ಹಳೆಯ ಶಿಷ್ಯರು ಎಲ್ಲರೊಡನೆ ಕ್ಷಮೆ ಕೇಳಿ, ಕ್ಷಮೆ ಕೊಟ್ಟು ಮುಗಿಸಿದ ಮೇಲೆ ಮೇಷ್ಟರು ತೋಟಕ್ಕೆ ಹೋದರು. ಎಲ್ಲ ಜೀವಿಗಳಲ್ಲಿಯೂ ಕ್ಷಮೆ ಕೇಳುವ ಮಾತನ್ನು ಅವರು ಎಪ್ಪತ್ತು ವರ್ಷಗಳಿಂದ ಹೇಳುತ್ತ ಬಂದಿದ್ದರು. ಆ ದಿನ ನಾಲಗೆ ಹೊರಳಲಿಲ್ಲ. ಮನುಷ್ಯರಲ್ಲಿ ಕ್ಷಮೆ ಕೇಳಿದರೆ ಅವರು ಕೊಡುವುದೋ ಬಿಡುವುದೋ ಉಂಟು. ಉಪ್ಪಿನಲ್ಲಿ ಕರಗಿದ್ದು ಏನು ಹೇಳೀತು? ನಾಳೆ ಮತ್ತೆ ಸುಳಿ ತಿಂದರೆ ಇನ್ನೊಂದು ಚೀಲ ಉಪ್ಪು ತರಿಸಬೇಕಾಗಬಹುದೆಂದು ಒಳಗೆ ತಿಳಿದಿಟ್ಟುಕೊಂಡು ಕೇಳುವ ಕ್ಷಮೆ ಎಂಥದು? ಗೃಹಸ್ಥನಿಗೆ ಆರಂಭೀ ಹಿಂಸೆ ತಪ್ಪಿದ್ದಲ್ಲ, ಬೇಸಾಯವೆಂದ ಮೇಲೆ ಇಷ್ಟು ಇದ್ದೇ ಇರುತ್ತದೆ ಎಂದು ಸಮಾಧಾನ ಹೇಳುವವರಿದ್ದರು. ಆ ವಿಭಾಗವನ್ನು ಮಾಡಿದ್ದು ಎಚ್ಚರಕ್ಕೆ. ನಿದ್ದೆಗೆ ದಿಂಬಾಗಿ ಬಳಸುವುದು ಮೇಷ್ಟರಿಗೆ ಒಗ್ಗಲಿಲ್ಲ.

ಒಂದು ವಾರದ ಮೇಲೆ ಪತ್ರಿಕೆಯಲ್ಲಿ ಸುದ್ದಿ ಬಂದಿತು. 2025ರ ಸೆಪ್ಟೆಂಬರ್ 15ರಂದು ಭಾರತ ಎರಡನೆಯ ಒಪ್ಪಂದಕ್ಕೆ ಸಹಿ ಹಾಕಿತ್ತು: ಕಾರ್ಲ್ಸ್‌ಬರ್ಗ್ ಶ್ರೇಣಿಯಲ್ಲಿ ಮತ್ತೆ 10,000 ಚದರ ಕಿಲೋಮೀಟರು, ಅದೇ ಬಹುಲೋಹ ಸಲ್ಫೈಡುಗಳಿಗೆ. ಆ ಶ್ರೇಣಿ ಇರುವುದು ಅರಬ್ಬೀ ಸಮುದ್ರದ ಕಡೆ. ಮೊದಲಿನದಕ್ಕಿಂತ ಈ ನಾಡಿಗೆ ಹತ್ತಿರ.

ಮೊಮ್ಮಗಳು ಪತ್ರಿಕೆಯನ್ನು ಮಡಿಸಿಟ್ಟು ಕೇಳಿದಳು: “ನಾನು ಹೋಗಲೋ ಬೇಡವೋ, ಒಂದು ಮಾತು ಹೇಳಿ ತಾತ.”

ಅವಳನ್ನು ಕರೆದಿದ್ದ ಕೆಲಸದಲ್ಲಿ ಎರಡು ವಿಭಾಗಗಳಿದ್ದವು. ಒಂದು ಅದಿರಿನ ಪ್ರಮಾಣ ಅಳೆಯುವುದು. ಇನ್ನೊಂದು, ಶೋಧನೆಯ ಗುತ್ತಿಗೆ ಪಡೆದ ಪ್ರತಿ ದೇಶವೂ ಪ್ರಾಧಿಕಾರಕ್ಕೆ ಸಲ್ಲಿಸಬೇಕಾದ ಪರಿಸರದ ಮೂಲವಿವರ: ಆ ತಳದಲ್ಲಿ ಯಾವ ಯಾವ ಜೀವಗಳಿವೆ, ಎಷ್ಟಿವೆ, ನೀರಿನ ಹರಿವು ಹೇಗೆ, ಹೂಳು ಎದ್ದರೆ ಎಲ್ಲಿಗೆ ಹೋಗುತ್ತದೆ. ಎರಡನೆಯದಕ್ಕೆ ಬರುವವರು ಕಡಮೆ. ಅದನ್ನು ಬರೆಯುವವರು ಎಡವಿದರೆ, ಅಥವಾ ಯಾರದೋ ಅವಸರಕ್ಕೆ ಕಣ್ಣು ಮುಚ್ಚಿದರೆ, ಇದ್ದ ಜೀವ ಕಾಗದದಲ್ಲಿ ಇಲ್ಲವಾಗುತ್ತದೆ. ಕಾಗದದಲ್ಲಿ ಇಲ್ಲದ್ದನ್ನು ನಾಶಮಾಡಿದರೆ ನಾಶವಾಯಿತೆಂದು ಹೇಳುವವರಿಲ್ಲ. ಶ್ರದ್ಧೆಯಿಂದ ಬರೆದರೂ ಅದು ಯಂತ್ರ ಇಳಿಸುವವರಿಗೆ ದಾರಿಯ ನಕ್ಷೆಯಾಗಬಹುದು. ಎರಡೂ ಸಾಧ್ಯ. ಮೇಷ್ಟರು ಅದನ್ನು ಮುಚ್ಚಿಡದೆ ಹೇಳಿದರು.

“ಹೋಗು ಮಗು. ಆದರೆ ಎಣಿಸುವ ಕಡೆಗೆ ಹೋಗು. ಕಂಡದ್ದನ್ನು ಕಂಡಷ್ಟೂ ಬರಿ. ಒಂದು ಹುಳು ಇದ್ದರೆ ಒಂದು ಅಂತ ಬರಿ. ಬರೆಯಬೇಡ ಅಂತ ಯಾರಾದರೂ ಹೇಳಿದ ದಿನ ಬಸ್ಸು ಹತ್ತಿ ಮನೆಗೆ ಬಂದುಬಿಡು. ಇಲ್ಲಿ ಊಟಕ್ಕೇನೂ ಕೊರತೆಯಿಲ್ಲ.”

“ಆಮೇಲೆ ಅವರು ಅಗೆದರೆ?”

ಅದಕ್ಕೆ ಅವರಲ್ಲಿ ಉತ್ತರವಿರಲಿಲ್ಲ. ಅಂತರರಾಷ್ಟ್ರೀಯ ಸಾಗರತಳದಲ್ಲಿ ವಾಣಿಜ್ಯ ಗಣಿಗಾರಿಕೆ ಇನ್ನೂ ಆರಂಭವಾಗಿಲ್ಲ. ಅದರ ನಿಯಮಾವಳಿಯ ಬಗ್ಗೆ ದೇಶಗಳು ವರ್ಷಗಳಿಂದ ವಾದಿಸುತ್ತಿವೆ, ಸದ್ಯಕ್ಕೆ ತಡೆಯಿರಲಿ ಎನ್ನುವ ದೇಶಗಳೂ ಹಲವಾರಿವೆ. ಆ ವಾದ ಮುಗಿಯುವುದರೊಳಗೆ ಎಣಿಕೆ ಮುಗಿಯಬೇಕು ಎಂದಷ್ಟೇ ಹೇಳಿದರು.

ಅವಳು ಹೊರಟ ದಿನ ಇಬ್ಬರೂ ಪುಷ್ಕರಿಣಿಯವರೆಗೆ ನಡೆದುಹೋದರು. ಮಳೆ ಇಳಿದು ನೀರು ತಿಳಿಯಾಗುತ್ತಿತ್ತು. ಪುರಿ ಮಾರುವವಳಿಂದ ಒಂದು ಪೊಟ್ಟಣ ಕೊಂಡು ಅರ್ಧ ಅವಳ ಕೈಗೆ ಹಾಕಿದರು. ಮೀನುಗಳು ಬಂದವು. ಮೆಟ್ಟಿಲ ಅಂಚಿನ ಪಾಚಿಯಲ್ಲಿ, ನೀರು ತಾಗುವಲ್ಲಿ, ಹುಣಸೆಬೀಜದಷ್ಟು ಗಾತ್ರದ ಹೊಳೆಯ ಬಸವನಹುಳುಗಳು ಅಂಟಿಕೊಂಡಿದ್ದವು. ಎಷ್ಟು ವರ್ಷ ಆ ಮೆಟ್ಟಿಲ ಮೇಲೆ ಮಕ್ಕಳನ್ನು ನಿಲ್ಲಿಸಿ ಪಾಠ ಹೇಳಿದ್ದರೂ ಮೇಷ್ಟರು ಅವುಗಳ ಕಡೆ ಬೆರಳು ತೋರಿದ್ದಿಲ್ಲ. ಮೊಮ್ಮಗಳು ಚೀಲವನ್ನು ಕೆಳಗಿಟ್ಟು, ಬಾಗಿ, ಒಂದು ಮೆಟ್ಟಿಲಿನಲ್ಲಿ ಎಷ್ಟಿವೆಯೆಂದು ಎಣಿಸತೊಡಗಿದಳು. ಬಸ್ಸಿಗೆ ಹೊತ್ತಾಗುತ್ತದೆಂದು ಅವರೇ ಎಬ್ಬಿಸಬೇಕಾಯಿತು.

ಉಪ್ಪಿನ ಎರಡನೆಯ ಚೀಲ ಉಗ್ರಾಣದಲ್ಲಿ ಹಾಗೆಯೇ ಉಳಿದಿದೆ. ತೋಟದ ಕಸವನ್ನೆಲ್ಲ ತೆಗೆಸಿ ನೆಲವನ್ನು ಬಿಸಿಲಿಗೆ ಒಡ್ಡಿದ್ದಾರೆ; ಹುಳುವಿಗೆ ಅಡಗಲು ತಾವು ಕಡಮೆಯಾಗಿದೆ. ಹೊಳೆಯಿಂದ ದೂರದ ಮೇಲಿನ ಸಾಲುಗಳಿಗೆ ಮಾತ್ರ ಮುಲಾಮು ಬಳಿಸಿದ್ದಾರೆ. ರಾತ್ರಿ ಒದ್ದೆ ಗೋಣಿತಾಟು ಹಾಸಿ ಪರಂಗಿಯ ತುಂಡು ಇಡುತ್ತಾರೆ. ಬೆಳಗಾಗುವ ಮೊದಲು ಬ್ಯಾಟರಿ ಹಿಡಿದು ಹೋಗಿ ಅದರಡಿಯಲ್ಲಿ ಸೇರಿದ್ದನ್ನು ತಾವೇ ಕೈಯಿಂದ ಬಕೆಟ್ಟಿಗೆ ಹಾಕುತ್ತಾರೆ. ಆಮೇಲೆ ಅವಕ್ಕೆ ಆಗುವುದು ಸಾವೇ, ಅದರಲ್ಲಿ ಅವರಿಗೆ ಭ್ರಮೆಯಿಲ್ಲ. ಈಗ ಆಳಿನ ಕೈಯಲ್ಲಿ ಮಾಡಿಸುವುದಿಲ್ಲ, ಒಳಗೆ ಹೋಗಿ ಕೂರುವುದಿಲ್ಲ. ಶಾಲೆಯಿಂದ ನಿವೃತ್ತರಾದಾಗ ತಂದಿದ್ದ ಖಾಲಿ ಹಾಜರಿ ಪುಸ್ತಕವೊಂದರಲ್ಲಿ ದಿನಾಂಕದ ಮುಂದೆ ಸಂಖ್ಯೆ ಬರೆಯುತ್ತಾರೆ. ಮಹಾಲಯದ ಹೊತ್ತಿಗೆ ಮುನ್ನೂರರ ಮೇಲಿದ್ದದ್ದು ಕಾರ್ತಿಕದಲ್ಲಿ ಒಂದಂಕಿಗೆ ಇಳಿಯಿತು. ಪುಸ್ತಕ ಮುಚ್ಚಬಹುದೆಂದುಕೊಂಡರು. ಎರಡು ದಿನ ಅಕಾಲದ ಮಳೆ ಹಿಡಿದು, ಮೂರನೆಯ ಬೆಳಿಗ್ಗೆ ಮತ್ತೆ 41.